ಆಟಕ್ಕೊಂದು ಪ್ರೊಫೈಲ್, ಆಡುವವರಿಗೆ ಮಾಘಸ್ನಾನ

ಗೇಮಿಂಗ್ ಮೌಸ್ ಕೊಂಡವರಿಗೆಲ್ಲ ಅಭಿನಂದನೆಗಳು. ನಿಮ್ಮ ಕೈಗೆ ಏನು ಬೇಕು ಅಂತ ಇನ್ನು ನೀವು ಯೋಚಿಸಬೇಕಿಲ್ಲ. ಅದನ್ನು ಯೋಚಿಸುವವರು ನಿಮ್ಮ ಕಂಪ್ಯೂಟರಿನೊಳಗೇ ಬಂದು ಕೂತಿದ್ದಾರೆ. ಬಾಡಿಗೆ ಕೊಡುವುದಿಲ್ಲ. ರ್ಯಾಮ್ ಮಾತ್ರ ಹೊಟ್ಟೆ ತುಂಬ ತಿನ್ನುತ್ತಾರೆ.

ಕಥೆ ನಿಮಗೆ ಗೊತ್ತಿರುವುದೇ. ಆಟ ತೆರೆಯುತ್ತೀರಿ. ಅಲ್ಲಿಯವರೆಗೆ ಹೇಳಿದ ಮಾತು ಕೇಳುತ್ತಿದ್ದ ಮೌಸ್ ಇದ್ದಕ್ಕಿದ್ದಂತೆ ಹುಚ್ಚು ಹಿಡಿದ ಹಾಗೆ ಓಡುತ್ತದೆ. ಪಕ್ಕದ ಬಟನ್‌ಗೆ ನೀವು ವಹಿಸಿದ್ದ ಕೆಲಸ ಮಾಯ. ನೀಲಿ ಇದ್ದ ಕೀಬೋರ್ಡ್ ಕಿತ್ತಳೆ. ಆಟದಿಂದ ಆಚೆ ಬಂದು ಬ್ರೌಸರ್ ನೋಡಿದರೆ ಎಲ್ಲ ಮೊದಲಿನಂತೆ. ಒಳಗೆ ಹೋದರೆ ಮತ್ತೆ ಅದೇ ಅವತಾರ. ಮೌಸ್ ಕೆಟ್ಟಿದೆ ಅಂದುಕೊಂಡು ಅಂಗಡಿಗೆ ತಗೊಂಡು ಹೋದವರೂ ಇದ್ದಾರೆ. ಪಾಪ, ಮೌಸಿಗೆ ಏನೂ ಆಗಿರುವುದಿಲ್ಲ. ಅದಕ್ಕೆ ಮೇಲಿನಿಂದ ಆದೇಶ ಬಂದಿರುತ್ತದೆ.

ಮೌಸ್ ಜೊತೆ ಹಾಕಿಕೊಂಡ ಸಾಫ್ಟ್‌ವೇರ್ ಹಿನ್ನೆಲೆಯಲ್ಲಿ ಕೂತು, ನಿಮ್ಮ ಪರದೆಯ ಮೇಲೆ ಈಗ ಯಾವ ಕಿಟಕಿ ಮುಂದಿದೆ ಅಂತ ನೋಡುತ್ತಲೇ ಇರುತ್ತದೆ. ಸ್ಟೀಮ್, ಎಪಿಕ್ ಥರದ ಆನ್‌ಲೈನ್ ಅಂಗಡಿಗಳಿಂದ ತಂದ ಆಟಗಳು ಎಲ್ಲೆಲ್ಲಿವೆಯೋ ಅಲ್ಲೆಲ್ಲ ಕೈಹಾಕಿ ಪಟ್ಟಿ ಮಾಡಿಟ್ಟುಕೊಂಡಿರುತ್ತದೆ. ಪಟ್ಟಿಯಲ್ಲಿರುವ ಆಟ ಮುಂದೆ ಬಂತೋ, ಅದರ ಹೆಸರಿನ ಪ್ರೊಫೈಲ್, ಅಂದರೆ ವೇಗ, ಬಟನ್, ಬಣ್ಣ ಎಲ್ಲ ಸೇರಿದ ಸೆಟ್ಟಿಂಗ್ಸ್ ಕಟ್ಟು, ಹೇರುತ್ತದೆ. ಆ ಪ್ರೊಫೈಲ್ ಮಾಡಿದ್ದು ಯಾರು? ನೀವಲ್ಲ. ಅದರೊಳಗೆ ಏನಿದೆ? ಕಾರ್ಖಾನೆಯಿಂದ ಬಂದಾಗ ಏನಿತ್ತೋ ಅದೇ. ನೀವು ವಾರಗಟ್ಟಲೆ ಕೂತು ಕೈಗೆ ಒಗ್ಗಿಸಿಕೊಂಡ ಸೆಟ್ಟಿಂಗ್ಸ್‌ ಡೆಸ್ಕ್‌ಟಾಪ್‌ಗೆ ಮಾತ್ರ ಮೀಸಲು. ಅಂದರೆ ರೀಸೈಕಲ್ ಬಿನ್ ಖಾಲಿ ಮಾಡುವಾಗ ನಿಮ್ಮ ಗುರಿ ತಪ್ಪುವುದಿಲ್ಲ. ಶತ್ರು ಎದುರು ಬಂದಾಗ ಮಾತ್ರ ತಪ್ಪುತ್ತದೆ.

ಬಲವಂತದ ಮಾಘಸ್ನಾನ ಅಂತಾರಲ್ಲ, ಅದು ಇದೇ. ನೀರು ತಣ್ಣಗಿದೆ ಮಾರಾಯ್ರೇ ಅಂದರೆ, ಪುಣ್ಯ ಬರುತ್ತೆ ಅಂತ ಇನ್ನೊಂದು ಚೊಂಬು ಸುರಿಯುತ್ತಾರೆ.

ನಮ್ಮ ಅಕ್ಕನ ಮಗ ಪಿಯುಸಿ ಓದುತ್ತಿದ್ದಾನೆ. ಓದುತ್ತಿದ್ದಾನೆ ಅನ್ನುವುದು ಅಕ್ಕನ ಹೇಳಿಕೆ. ಕೌಂಟರ್ ಸ್ಟ್ರೈಕ್ ಇರಲಿ, ವ್ಯಾಲೊರಂಟ್ ಇರಲಿ, ಮೌಸಿನ ವೇಗಕ್ಕೆ ಅವನದು ಒಂದೇ ಲೆಕ್ಕ: 800 ಡಿಪಿಐ. ನನಗೆ ಅವನೇ ಪಾಠ ಮಾಡಿದ್ದು. "ಮಾಮ, ಡಿಪಿಐ ಮುಟ್ಟಬಾರದು. ಬೇಕಿದ್ದರೆ ಆಟದ ಒಳಗೆ ಸೆನ್ಸಿಟಿವಿಟಿ ಬದಲಾಯಿಸ್ಕೋಬೇಕು. ಕೈಗೆ ಅಭ್ಯಾಸ ಆಗಿರುತ್ತಲ್ಲ, ಅದು ಹೋಗಿಬಿಡುತ್ತೆ." ಹುಡುಗ ಹೇಳಿದ್ದು ಸರಿ. ದೊಡ್ಡ ದೊಡ್ಡ ಪಂದ್ಯ ಆಡುವ ಕೌಂಟರ್ ಸ್ಟ್ರೈಕ್ ಆಟಗಾರರಲ್ಲಿ ಹೆಚ್ಚಿನವರು 400 ಅಥವಾ 800ರಲ್ಲೇ ಜೀವನ ಕಳೆಯುತ್ತಾರೆ. ಒಂದು ಆಟದಿಂದ ಇನ್ನೊಂದಕ್ಕೆ ಹೋದಾಗ ಕೈಗೆ ಬದಲಾವಣೆ ಗೊತ್ತಾಗಬಾರದು ಅನ್ನುವುದೇ ಅವರ ತಪಸ್ಸು. ಆ ತಪಸ್ಸು ಕೆಡಿಸಲು ಮೌಸ್ ಕಂಪನಿಗಳು ಒಂದು ಸೌಲಭ್ಯವನ್ನೇ ಮಾಡಿಟ್ಟಿವೆ. ಅದೂ ಪುಕ್ಕಟೆ.

ಡಿಪಿಐ ಅಂದಾಗ ನೆನಪಾಯಿತು. ಮೌಸ್ ಒಂದು ಇಂಚು ಸರಿದರೆ ಕರ್ಸರ್ ಎಷ್ಟು ಚುಕ್ಕಿ ಓಡಬೇಕು ಅನ್ನುವ ಲೆಕ್ಕ ಅದು. ಡಬ್ಬದ ಮೇಲೆ ಹಾಕಿರುತ್ತಾರೆ ನೋಡಿ: 25,600. ಆಮೇಲೆ 30,000 ಆಯಿತು. ಈಗ 40,000ವನ್ನೂ ದಾಟಿದೆ. ಪರದೆ ಸಾಮಾನ್ಯವಾಗಿ 1,920 ಚುಕ್ಕಿ ಅಗಲ ಇರುತ್ತದೆ. 25,600 ಇಟ್ಟುಕೊಂಡರೆ ಈ ತುದಿಯಿಂದ ಆ ತುದಿಗೆ ಹೋಗಲು ಕೈ ಎರಡು ಮಿಲಿಮೀಟರ್ ಸರಿದರೆ ಸಾಕು. ಸೀನಿದರೆ ಮುಗಿಯಿತು, ಕರ್ಸರ್ ಪಕ್ಕದ ಮನೆಯಲ್ಲಿ. ಇಂಥದ್ದನ್ನು ಯಾರು ಬಳಸುತ್ತಾರೆ? ಯಾರೂ ಇಲ್ಲ. ಎಸ್.ಪಿ. ರೋಡಿನ ಅಂಗಡಿಯಲ್ಲಿ ಗಿರಾಕಿ ಮುಂದೆ ಎರಡು ಡಬ್ಬ ಇಟ್ಟು "ಇದರಲ್ಲಿ ಜಾಸ್ತಿ ಇದೆ ಸಾರ್" ಅನ್ನುವುದಕ್ಕೆ ಮಾತ್ರ ಬಳಕೆ. ಆ ಮಟ್ಟಿಗೆ ಆ ಸಂಖ್ಯೆ ತುಂಬ ನಿಖರ.

ಆಟಕ್ಕೊಂದು ಪ್ರೊಫೈಲ್ ಅನ್ನುವುದೇ ದಂಡ ಅಂತ ನಾನು ಹೇಳುತ್ತಿಲ್ಲ. ರೇಜರ್ ನಾಗಾ ಥರದ ಮೌಸ್‌ಗಳ ಪಕ್ಕದಲ್ಲೇ 12 ಬಟನ್ ಇರುತ್ತವೆ. ನೂರಾರು ಮಂತ್ರ ಇರುವ ಆಟ ಆಡುವವರಿಗೆ ಆಟಕ್ಕೆ ತಕ್ಕ ಹಾಗೆ ಆ ಬಟನ್ ಬದಲಾದರೆ ಅನುಕೂಲವೇ. ವಿಡಿಯೊ ಎಡಿಟಿಂಗ್ ಮಾಡುವವರಿಗೂ ಇಷ್ಟ. ಅವರಿಗೆ ಕೊಡಿ, ಸಂತೋಷ. ಆದರೆ ಕೇಳಿ ಕೊಡಬಹುದಲ್ವಾ? "ನಿಮ್ಮ ಹತ್ತಿರ ಇಷ್ಟು ಆಟ ಇದೆ, ಬೇರೆ ಬೇರೆ ಸೆಟ್ಟಿಂಗ್ಸ್‌ ಬೇಕಾ, ಬೇಡವಾ?" ಒಂದೇ ಪ್ರಶ್ನೆ. ಭಾಷೆ ಆರಿಸಿ ಅಂತ ಕೇಳುತ್ತಾರೆ. ಖಾತೆ ತೆರೆಯಿರಿ ಅಂತ ಕೇಳುತ್ತಾರೆ. ಇಮೇಲ್ ಕೊಡಿ ಅಂತ ಕೇಳುತ್ತಾರೆ. ನಮ್ಮ ಹೊಸ ಹೆಡ್‌ಸೆಟ್ ನೋಡಿದಿರಾ ಅಂತಲೂ ಕೇಳುತ್ತಾರೆ. ಇದನ್ನು ಮಾತ್ರ ಕೇಳುವುದಿಲ್ಲ.

ಸರಿ, ಆಫ್ ಮಾಡೋಣ ಅಂತ ಹೊರಟರೆ ಅಲ್ಲಿ ನಿಜವಾದ ಆಟ ಶುರು. ನನ್ನ ಮೌಸ್ ಯಾವ ಕಂಪನಿಯದು ಅಂತ ಹೇಳುವುದಿಲ್ಲ. ಹೇಳಿದರೂ ವ್ಯತ್ಯಾಸ ಇಲ್ಲ, ನಿಮ್ಮದೂ ಹಾಗೇ ಇರುತ್ತದೆ. ಮೌಸ್‌ನ ಚಿತ್ರ ಒತ್ತಿದರೆ ಒಂದು ಸೆಟ್ಟಿಂಗ್ಸ್‌ ಬರುತ್ತದೆ. ಮೂಲೆಯ ಹಲ್ಲಿನ ಚಕ್ರ ಒತ್ತಿದರೆ ಇನ್ನೊಂದು ಸೆಟ್ಟಿಂಗ್ಸ್‌. ಆಟದ ಹೆಸರಿನ ಪಕ್ಕದ ಮೂರು ಚುಕ್ಕಿ ಒತ್ತಿದರೆ ಮೂರನೆಯದು. ಮೂರಕ್ಕೂ ಒಂದೇ ಬಣ್ಣ, ಒಂದೇ ಮುಖ. "ಆಟೋ ಆಫ್" ಅಂತ ನೇರವಾಗಿ ಬರೆದ ಬಟನ್ ಎಲ್ಲೂ ಇಲ್ಲ. ಅದರ ಬದಲು ಯಾವುದೋ ಒಂದು ಪ್ರೊಫೈಲನ್ನು "ಖಾಯಂ" ಮಾಡಬೇಕಂತೆ. ಆಗ ಬೇರೆ ಪ್ರೊಫೈಲ್‌ಗಳು ಸುಮ್ಮನಿರುತ್ತವಂತೆ. ಈ ಖಾಯಂ ಮಾಡುವ ಜಾಗ ಎಲ್ಲಿದೆ? ಆಟಗಳ ಪಟ್ಟಿಯ ಒಳಗಿನ ಇನ್ನೊಂದು ಪುಟದ ತಳದಲ್ಲಿ. ಸರ್ಕಾರಿ ಕಚೇರಿಯಲ್ಲಿ ಹತ್ತು ವರ್ಷದಿಂದ ಕಾಯುತ್ತಿರುವವರು ಕೇಳಿದರೆ ಹೊಟ್ಟೆ ಉರಿದುಕೊಂಡಾರು. ಇಲ್ಲಿ ಡೆಸ್ಕ್‌ಟಾಪ್‌ ಪ್ರೊಫೈಲ್‌ಗೆ ಖಾಯಂ ಆಗಲು ಒಂದು ಕ್ಲಿಕ್ ಸಾಕು. ಹುಡುಕುವುದಕ್ಕೆ ಮಾತ್ರ ಒಂದು ಸಂಜೆ ಬೇಕು.

ಮೌಸ್‌ನವರು ಮಾತ್ರ ಹೀಗೆ ಅಂದುಕೊಳ್ಳಬೇಡಿ. ಗ್ರಾಫಿಕ್ಸ್ ಕಾರ್ಡ್ ಮಾಡುವ ಎನ್‌ವಿಡಿಯಾದವರ ಆ್ಯಪ್ ನಿಮ್ಮ ಆಟಗಳ ಗ್ರಾಫಿಕ್ಸ್ ಸೆಟ್ಟಿಂಗ್ಸನ್ನೂ ತಾನೇ "ಉತ್ತಮ"ಗೊಳಿಸಿಕೊಡುತ್ತದೆ. ನೆರಳು ಎಷ್ಟು ಕಪ್ಪಿರಬೇಕು, ಹುಲ್ಲು ಎಷ್ಟು ದಟ್ಟ ಇರಬೇಕು, ಎಲ್ಲ ಅದರ ಉಸ್ತುವಾರಿ. ಇದೇ ಆ್ಯಪ್‌ನಲ್ಲಿ 2024ರ ಡಿಸೆಂಬರ್‌ನಲ್ಲಿ ಒಂದು ಸಂಗತಿ ಬೆಳಕಿಗೆ ಬಂತು. ಆಟಕ್ಕೆ ಬಣ್ಣದ ಫಿಲ್ಟರ್ ಹಾಕುವ ಸೌಲಭ್ಯವೊಂದು ತಾನಾಗಿಯೇ ಆನ್ ಆಗಿರುತ್ತಿತ್ತು. ನೀವು ಅದನ್ನು ಬಳಸದೆ ಇದ್ದರೂ ಕೆಲವು ಆಟಗಳ ವೇಗ ಶೇ. 15ರವರೆಗೆ ಕುಸಿಯುತ್ತಿತ್ತು. ಆಟ ಚುರುಕಾಗಲಿ ಅಂತ ಹಾಕಿಕೊಂಡ ಆ್ಯಪ್! ಪರಿಹಾರವಾಗಿ ಕಂಪನಿ ಹೇಳಿದ್ದೂ ಅದೇ: ಸೆಟ್ಟಿಂಗ್ಸ್‌ಗೆ ಹೋಗಿ ಆಫ್ ಮಾಡಿಕೊಳ್ಳಿ. ದಟ್ಟ ಹುಲ್ಲಿಗೆ ಸಾವಿರಾರು ರೂಪಾಯಿ ಜಾಸ್ತಿ ಕೊಟ್ಟು ಕಾರ್ಡ್ ಕೊಂಡವರು ಆ ದಿನ ಏನು ಅಂದುಕೊಂಡರೋ, ಇಲ್ಲಿ ಬರೆಯುವ ಹಾಗಿಲ್ಲ.

ಅದೇ ತಿಂಗಳು ಅಸೂಸ್ ಕಂಪ್ಯೂಟರ್ ಇದ್ದವರಿಗೆ ಇನ್ನೊಂದು ಭಾಗ್ಯ. ಪರದೆಯ ಕೆಳಗೆ ಇದ್ದಕ್ಕಿದ್ದಂತೆ ದೊಡ್ಡದೊಂದು ಕ್ರಿಸ್‌ಮಸ್ ಹಾರ ಪ್ರತ್ಯಕ್ಷ. ಯಾರು ಹಾಕಿದರು, ಯಾಕೆ ಹಾಕಿದರು, ಹೇಳುವವರಿಲ್ಲ. ಟಾಸ್ಕ್ ಮ್ಯಾನೇಜರ್ ತೆಗೆದು ನೋಡಿದರೆ ಅಲ್ಲೊಂದು ಫೈಲ್ ಓಡುತ್ತಿದೆ, ಹೆಸರು "ಕ್ರಿಸ್‌ಮಸ್ ಡಾಟ್ ಇಎಕ್ಸ್‌ಇ". ವೈರಸ್ ಬರೆಯುವವರು ಕೂಡ ಇಷ್ಟು ಸೋಮಾರಿ ಹೆಸರು ಇಡುವುದಿಲ್ಲ. ಜನ ಗಾಬರಿಯಾಗಿ ಆಂಟಿವೈರಸ್ ಓಡಿಸಿದರು. ಕೊನೆಗೆ ತಿಳಿದದ್ದು, ಅದು ಅಸೂಸ್‌ನ ಆರ್ಮರಿ ಕ್ರೇಟ್ ಸಾಫ್ಟ್‌ವೇರ್ ಕಳಿಸಿದ ಹಬ್ಬದ ಶುಭಾಶಯ. ಎಷ್ಟು ಪ್ರೀತಿ ನೋಡಿ! ಲೈಟು, ಫ್ಯಾನು ನೋಡಿಕೊಳ್ಳಲಿ ಅಂತ ಇಟ್ಟುಕೊಂಡ ಸಾಫ್ಟ್‌ವೇರ್ ತೋರಣವನ್ನೂ ಕಟ್ಟಿತು. ನನಗೆ ಒಂದೇ ಬೇಸರ. ಯುಗಾದಿಗೆ ಮಾವಿನೆಲೆ ಬರಲಿಲ್ಲ. ಆಯುಧಪೂಜೆಗೆ ಕೀಬೋರ್ಡಿಗೆ ಅರಿಶಿನ ಕುಂಕುಮ ನಾವೇ ಹಚ್ಚಬೇಕು, ಅದಕ್ಕೆ ಆಟೋ ಇಲ್ಲ. ಬೂದುಗುಂಬಳ ಒಡೆಯುವ ಇಎಕ್ಸ್‌ಇ ಒಂದು ಇದ್ದಿದ್ದರೆ ಚೆನ್ನಾಗಿರುತ್ತಿತ್ತು. ದೃಷ್ಟಿ ತಗಲುವುದಂತೂ ಗ್ಯಾರಂಟಿ, ಅಷ್ಟೊಂದು ಜನ ಒಳಗೆ ಕೂತು ನೋಡುತ್ತಿದ್ದಾರೆ.

2021ರ ಆಗಸ್ಟ್‌ನಲ್ಲಂತೂ ಇನ್ನೂ ಮಜಾ. ರೇಜರ್ ಮೌಸ್ ಚುಚ್ಚಿದ ಕೂಡಲೇ ವಿಂಡೋಸ್ ತಾನಾಗಿ ಅದರ ಸಾಫ್ಟ್‌ವೇರ್ ಇಳಿಸಿಕೊಂಡು ಹಾಕಲು ಶುರು ಮಾಡುತ್ತಿತ್ತು, ಕಂಪ್ಯೂಟರಿನ ಅತಿ ದೊಡ್ಡ ಅಧಿಕಾರದಲ್ಲಿ. ಎಲ್ಲಿ ಹಾಕಲಿ ಅಂತ ಕೇಳುವ ಕಿಟಕಿಯಿಂದಲೇ ಯಾರು ಬೇಕಾದರೂ ಆ ಅಧಿಕಾರ ಕಸಿದುಕೊಳ್ಳಬಹುದು ಅಂತ ಒಬ್ಬ ಭದ್ರತಾ ಸಂಶೋಧಕ ತೋರಿಸಿಕೊಟ್ಟ. ಪಾಸ್‌ವರ್ಡ್ ಬೇಡ, ಹ್ಯಾಕಿಂಗ್ ಬೇಡ. ಮೌಸ್ ಇದ್ದರೆ ಸಾಕು. ಆಮೇಲೆ ಸರಿಪಡಿಸಿದರು, ಅದು ಬೇರೆ ಮಾತು.

ಈ ವರ್ಷದ್ದನ್ನು ನೀವೇ ಓದಿರುತ್ತೀರಿ. 2026ರ ಜನವರಿಯಲ್ಲಿ ಮೌಸ್ ಮಾಡುವ ಲಾಜಿಟೆಕ್‌ನವರ ಡೆವಲಪರ್ ಸರ್ಟಿಫಿಕೇಟ್, ಅಂದರೆ ಸಾಫ್ಟ್‌ವೇರ್ ಅವರದೇ ಅಂತ ಕಂಪ್ಯೂಟರಿಗೆ ತೋರಿಸುವ ಗುರುತಿನ ಚೀಟಿ, ಅವಧಿ ಮುಗಿಯಿತು. ರಿನ್ಯೂ ಮಾಡುವುದು ಮರೆತರು. ಮ್ಯಾಕ್ ಬಳಸುವವರ ಕಂಪ್ಯೂಟರ್‌ಗಳಲ್ಲಿ ಅವರ ಸಾಫ್ಟ್‌ವೇರ್ ತೆರೆಯಲೇ ಇಲ್ಲ. ಬಟನ್‌ಗಳು ಹೇಳಿಕೊಟ್ಟಿದ್ದನ್ನೆಲ್ಲ ಮರೆತವು, ಸ್ಕ್ರೋಲ್ ಉಲ್ಟಾ ತಿರುಗಿತು. ತಾನಾಗಿ ಅಪ್‌ಡೇಟ್ ಆಗುವ ಭಾಗವೂ ಅದೇ ಸರ್ಟಿಫಿಕೇಟ್ ನಂಬಿಕೊಂಡಿತ್ತು, ಹಾಗಾಗಿ ಜನರೇ ಹೋಗಿ ಹೊಸದನ್ನು ಇಳಿಸಿಕೊಳ್ಳಬೇಕಾಯಿತು. ತಪ್ಪು ನಮ್ಮದೇ ಅಂತ ಕಂಪನಿ ಒಪ್ಪಿಕೊಂಡಿತು. ದೊಡ್ಡತನ. ನಾವು ಯಾವ ಆಟವನ್ನು ಎಷ್ಟು ಗಂಟೆಗೆ ತೆರೆಯುತ್ತೇವೆ ಅನ್ನುವುದನ್ನು ಕಣ್ಣು ಮಿಟುಕಿಸದೆ ಕಾಯುವವರಿಗೆ ತಮ್ಮ ಕ್ಯಾಲೆಂಡರ್‌ ನೋಡಿಕೊಳ್ಳುವುದಕ್ಕೆ ಮಾತ್ರ ಆಟೋ ಇರಲಿಲ್ಲ.

ನಗು ಸಾಕು. ಮೌಸ್ ಅಂದರೆ ಏನು? 1960ರ ದಶಕದಲ್ಲಿ ಡಗ್ಲಸ್ ಎಂಗೆಲ್‌ಬಾರ್ಟ್ ಬಳಗ ಮಾಡಿದ ಮೊದಲ ಮೌಸ್ ಒಂದು ಮರದ ಡಬ್ಬ. ಕೆಳಗೆ ಎರಡು ಚಕ್ರ, ಮೇಲೆ ಒಂದು ಬಟನ್. ಸರಿಸಿದರೆ ಸರಿಯುತ್ತಿತ್ತು, ಒತ್ತಿದರೆ ಒತ್ತುತ್ತಿತ್ತು. ಇಷ್ಟೇ ಕೆಲಸ. ಈಗ ಈ ಇಷ್ಟೇ ಕೆಲಸಕ್ಕೆ ಒಂದು ಖಾತೆ, ಒಂದು ಪಾಸ್‌ವರ್ಡ್, ಸದಾ ಓಡುವ ಮೂರ್ನಾಲ್ಕು ಸರ್ವಿಸ್. ದುಡ್ಡು ಕೊಟ್ಟವನು ನಾನು, ಕೈ ನನ್ನದು, ಮೇಜು ನನ್ನದು. 800 ಅಂತ ನಾನು ಬರೆದ ಮೇಲೆ ಅದು 800 ಆಗಿಯೇ ಇರಬೇಕು. ನಾನು ಕೇಳುತ್ತಿರುವುದು ಹೊಸ ಸೌಲಭ್ಯ ಅಲ್ಲ. ಇಟ್ಟದ್ದು ಇಟ್ಟ ಹಾಗೆ ಇರಲಿ ಅಂತ ಅಷ್ಟೇ. ಇದನ್ನು ಪಡೆಯುವುದಕ್ಕೆ ವಯಸ್ಸಾದ ಮನುಷ್ಯ ರಾತ್ರಿ ಹನ್ನೊಂದು ಗಂಟೆಗೆ ಮೆನು ಒಳಗಿನ ಮೆನು ಹುಡುಕಬೇಕೇನ್ರೀ? ಆಫ್ ಬಟನ್ ಬಚ್ಚಿಡುವುದನ್ನು ಯಾವ ಇಂಜಿನಿಯರಿಂಗ್ ಕಾಲೇಜಿನಲ್ಲಿ ಕಲಿಸುತ್ತಾರೆ?

ಇದರ ಮೇಲೆ 2024ರಲ್ಲಿ ಲಾಜಿಟೆಕ್ ಮುಖ್ಯಸ್ಥೆ ಒಂದು ಸಂದರ್ಶನದಲ್ಲಿ "ಎಂದೆಂದಿಗೂ ಬಾಳುವ ಮೌಸ್" ಬಗ್ಗೆ ಮಾತಾಡಿದ್ದರು. ಮೌಸ್ ಹಳೆಯದಾಗುವುದಿಲ್ಲ, ಸಾಫ್ಟ್‌ವೇರ್ ಹೊಸದಾಗುತ್ತಿರುತ್ತದೆ, ಅದಕ್ಕೆ ಚಂದಾ ಕಟ್ಟುತ್ತಿರಬಹುದು. ಬೈಗುಳ ಬಿದ್ದ ಮೇಲೆ ಅಂಥ ಯೋಜನೆ ಏನೂ ಇಲ್ಲ ಅಂತ ಕಂಪನಿ ಹೇಳಿತು. ಒಳ್ಳೆಯದೇ ಆಯಿತು. ಇಲ್ಲದಿದ್ದರೆ ಚಂದಾ ಕಟ್ಟದ ತಿಂಗಳು ರೈಟ್ ಕ್ಲಿಕ್ ಕಟ್ ಆಗುತ್ತಿತ್ತೇನೋ.

ಕೊನೆಗೆ ಹುಡುಗನೇ ದಾರಿ ಹೇಳಿದ. "ಮಾಮ, ಮೌಸ್ ಒಳಗೇ ಮೆಮೊರಿ ಇರುತ್ತೆ. ಎಲ್ಲ ಅದರಲ್ಲಿ ಸೇವ್ ಮಾಡಿ, ಸಾಫ್ಟ್‌ವೇರ್ ಕಿತ್ತು ಬಿಸಾಕು." ಹೌದು, ಆನ್‌ಬೋರ್ಡ್ ಮೆಮೊರಿ ಅನ್ನುವ ಪುಣ್ಯಾತ್ಮ ವಸ್ತು ಈಗಿನ ಹೆಚ್ಚಿನ ಗೇಮಿಂಗ್ ಮೌಸ್‌ಗಳಲ್ಲಿದೆ. ಡಿಪಿಐ, ಬಟನ್ ಎಲ್ಲ ಅಲ್ಲೇ ಕೂರುತ್ತವೆ. ಬೇರೆ ಕಂಪ್ಯೂಟರ್‌ಗೆ ಚುಚ್ಚಿದರೂ ಹಾಗೇ ಇರುತ್ತವೆ. ಆಟ ಯಾವುದು ಅಂತ ಮೌಸಿಗೆ ಗೊತ್ತಾಗುವುದೂ ಇಲ್ಲ. ಈ ಪರಿಹಾರವನ್ನು ಡಬ್ಬದ ಮೇಲೆ ದಪ್ಪ ಅಕ್ಷರದಲ್ಲಿ ಬರೆಯಬೇಕಿತ್ತು. 25,600 ಅಂತ ಬರೆದು ಜಾಗ ಮುಗಿಯಿತು, ಏನು ಮಾಡುವುದು.

ನನ್ನ ಕಂಪ್ಯೂಟರ್ ವಿಷಯದಲ್ಲಿ ಕಿತ್ತು ಬಿಸಾಕುವುದೂ ಸಲೀಸಲ್ಲ. ಅಸೂಸ್ ಮದರ್‌ಬೋರ್ಡ್‌ಗಳ ಬಯಾಸ್ (ವಿಂಡೋಸ್‌ಗಿಂತ ಮೊದಲೇ ಎದ್ದು ಕಂಪ್ಯೂಟರ್ ಚಾಲೂ ಮಾಡುವ ಪ್ರೋಗ್ರಾಂ) ಒಳಗೇ ಆರ್ಮರಿ ಕ್ರೇಟ್ ಇಳಿಸಿ ಹಾಕು ಅನ್ನುವ ಆಯ್ಕೆಯೊಂದು ಇರುತ್ತದೆ. ಅಂಥ ಬೋರ್ಡ್ ಇರುವವರು ವಿಂಡೋಸ್ ಹೊಸದಾಗಿ ಹಾಕಿದರೂ ಅದು ಬಾಗಿಲು ತಟ್ಟುತ್ತದೆ. ಅದನ್ನೂ ಹುಡುಕಿ ಆಫ್ ಮಾಡಿದ್ದಾಯಿತು. ಮೌಸ್‌ನ ಸಾಫ್ಟ್‌ವೇರ್ ತೆಗೆದದ್ದಾಯಿತು. 800 ಗಟ್ಟಿಯಾಗಿ ನಿಂತಿದೆ.

ಕೀಬೋರ್ಡ್ ಮಾತ್ರ ಈಗ ಕಾಮನಬಿಲ್ಲಿನ ಏಳೂ ಬಣ್ಣ ಹರಿಸುತ್ತಾ ಕೂತಿದೆ. ಸಾಫ್ಟ್‌ವೇರ್ ಇಲ್ಲದಿದ್ದಾಗ ಅದರ ಮೂಲ ಸ್ವಭಾವ ಅದಂತೆ. ಆರ್ಕೆಸ್ಟ್ರಾ ಸ್ಟೇಜ್ ಮುಂದೆ ಕೂತು ಟೈಪ್ ಮಾಡಿದ ಹಾಗಿದೆ. ಆ ಲೈಟ್ ಆರಿಸಬೇಕಂದರೆ ಒಂದೇ ದಾರಿ, ಸಾಫ್ಟ್‌ವೇರ್ ಹಾಕಬೇಕು. ಹಾಕಿದ್ದೇನೆ. ಮೊದಲು ಅಪ್‌ಡೇಟ್ ಆಗಬೇಕಂತೆ. ಆಗ್ತಾ ಇದೆ.