ಒಂದೇ ಟ್ರಕ್ಕು, ಎರಡು ರೇಟು

ಎದುರುಮನೆಯವರ ಬಿಲ್ಲು ಕಣ್ಣಿಗೆ ಬೀಳದಿದ್ದರೆ ನನಗಿದು ಗೊತ್ತೇ ಆಗುತ್ತಿರಲಿಲ್ಲ. ಒಂದೇ ಕಂಪನಿ, ಒಂದೇ ದಿನ, ಒಂದೇ ಟ್ರಕ್ಕು ಬಂದು ಇಬ್ಬರ ಟ್ಯಾಂಕಿಗೂ ಮನೆ ಬಿಸಿಮಾಡುವ ಗ್ಯಾಸು, ಪ್ರೊಪೇನ್, ತುಂಬಿಸಿ ಹೋಗಿತ್ತು. ಅವರಿಗೆ ಗ್ಯಾಲನ್ನಿಗೆ (ಸುಮಾರು 3.8 ಲೀಟರ್) 3.19 ಡಾಲರ್, ನನಗೆ 3.89. ಫೋನ್ ಮಾಡಿ ಕೇಳಿದರೆ "ನಿಮ್ಮ ಪ್ಲಾನ್ ಬೇರೆ, ಅವರದು ಬೇರೆ" ಅಂದರು, ಅಷ್ಟೇ.

ಊರಲ್ಲಿ ಹೀಗಿಲ್ಲ. ಸಿಲಿಂಡರ್ ರೇಟು ಏರಿದರೆ ಮರುದಿನ ಪೇಪರಿನಲ್ಲಿ ಬರುತ್ತದೆ, ಹಾಲಿನ ಬೂತಿನ ಮುಂದೆ ಅದೇ ಮಾತು. ನಮ್ಮ ಬೀದಿಯ ವಕೀಲರ ಮನೆಗೂ ಟೈಲರ್ ಮನೆಗೂ ಒಂದೇ ದರ. ಬೈಯುವುದಾದರೂ ಎಲ್ಲರೂ ಸೇರಿ ಬೈಯುತ್ತೇವೆ.

ನಾನಿರುವುದು ಅಮೆರಿಕದ ವರ್ಮಾಂಟ್ ರಾಜ್ಯದ ಹಳ್ಳಿಗಾಡಿನಲ್ಲಿ. ಗ್ಯಾಸ್ ಪೈಪ್‌ಲೈನ್ ಇಲ್ಲಿಗೆ ಬಂದಿಲ್ಲ. ಮನೆ ಬೆಚ್ಚಗಿರಬೇಕೆಂದರೆ ಸೌದೆ, ಎಣ್ಣೆ, ಇಲ್ಲವೇ ಪ್ರೊಪೇನ್. ಊರಿನ ಸಿಲಿಂಡರಿನಲ್ಲಿ ಪ್ರೊಪೇನ್ ಜೊತೆ ಬರುವ ಬ್ಯುಟೇನ್ ಗ್ಯಾಸು ಸೊನ್ನೆ ಡಿಗ್ರಿಯ ಹತ್ತಿರವೇ ಆವಿಯಾಗದೆ ಕೂತುಬಿಡುತ್ತದೆ, ಪ್ರೊಪೇನ್ ಮೈನಸ್ 42ರವರೆಗೂ ಆವಿಯಾಗುತ್ತದೆ. ಅದಕ್ಕೇ ಹೊರಗೆ ಹಿಮದಲ್ಲಿರುವ ಟ್ಯಾಂಕಿಗೆ ಇದೇ ಬೇಕು.

ಲೆಕ್ಕದಲ್ಲಿ ಇಲ್ಲಿಯವರು ಪಳಗಿದವರು. ಪಕ್ಕದ ಮನೆಯ ಹಿರಿಯರು ಟ್ಯಾಂಕಿನ ಮುಚ್ಚಳ ಎತ್ತಿ, ಗೇಜಿನ ಮೇಲಿನ ಹಿಮ ಒರೆಸಿ ತೋರಿಸಿಕೊಟ್ಟರು. 500 ಗ್ಯಾಲನ್ ಟ್ಯಾಂಕಿಗೆ ತುಂಬಿಸುವುದು 80 ಪರ್ಸೆಂಟ್, ಅಂದರೆ 400 ಗ್ಯಾಲನ್. ಮುಳ್ಳು 70ರಿಂದ 40ಕ್ಕೆ ಇಳಿದರೆ 150 ಗ್ಯಾಲನ್ ಉರಿದಿದೆ. ಜನವರಿ ಒಂದೇ ತಿಂಗಳಲ್ಲಿ ನಮ್ಮ ಮನೆಯಲ್ಲಿ ಅಷ್ಟು ಹೋಯಿತು. ತೂಕಕ್ಕೆ ತಿರುಗಿಸಿದರೆ ಸುಮಾರು 285 ಕೆಜಿ, ನಮ್ಮ 14.2 ಕೆಜಿಯ ಸಿಲಿಂಡರ್ ಇಪ್ಪತ್ತು! ಅಮ್ಮನಿಗೆ ಹೇಳಿದಾಗ ಫೋನಿನಲ್ಲಿ ಮಾತೇ ಇಲ್ಲ.

ಇನ್ನೊಂದನ್ನೂ ಅವರೇ ಕಲಿಸಿದ್ದು. ಒಂದು ಗ್ಯಾಲನ್ನಿನಲ್ಲಿ ಸುಮಾರು 91,500 ಬಿಟಿಯು (ಶಾಖದ ಅಳತೆ), ಅಂದರೆ 27 ಯೂನಿಟ್ ಕರೆಂಟಿನಷ್ಟು ಶಾಖ. ಮನೆ ಬಿಸಿಮಾಡುವ ಫರ್ನೇಸ್ ಅದರಲ್ಲಿ 95 ಪರ್ಸೆಂಟ್ ಶಾಖ ಕೊಟ್ಟರೆ ಕೈಗೆ ಸಿಗುವುದು 25 ಚಿಲ್ಲರೆ ಯೂನಿಟ್. ನನ್ನ ರೇಟಿಗೆ ಯೂನಿಟ್ಟಿಗೆ 15 ಸೆಂಟ್, ಎದುರುಮನೆಗೆ ಹನ್ನೆರಡೂವರೆ. ಗ್ಯಾಸು ಬಿಟ್ಟು ಕರೆಂಟಿನಿಂದ ಮನೆ ಬಿಸಿಮಾಡುವ ಹೀಟ್ ಪಂಪ್ ಹಾಕಿಸುವುದೋ ಬೇಡವೋ ಎನ್ನುವುದು ಈ ಎರಡೂವರೆ ಸೆಂಟಿನ ಮೇಲೆ ನಿಲ್ಲುತ್ತದೆ. ಇಷ್ಟು ಸೂಕ್ಷ್ಮವಾಗಿ ಲೆಕ್ಕ ಹಾಕುವ ಜನ ಪಕ್ಕದವರ ರೇಟು ಮಾತ್ರ ಕೇಳುವುದಿಲ್ಲ. ಕೇಳುವುದು ಮರ್ಯಾದೆಯಲ್ಲವಂತೆ! ಕಂಪನಿಗೆ ಬೇಕಾದ್ದೂ ಅದೇ. ಟ್ಯಾಂಕ್ ಅವರದು, ಬಾಡಿಗೆಗೆ ಕೊಟ್ಟದ್ದು, ಬೇರೆ ಕಂಪನಿಯವರು ಅದಕ್ಕೆ ತುಂಬಿಸುವಂತಿಲ್ಲ. ರೇಟು ಜಾಸ್ತಿ ಅನ್ನಿಸಿದರೂ ನಡುಚಳಿಯಲ್ಲಿ ಎಲ್ಲಿಗೆ ಹೋಗುವುದು?

ಒಂದು ಮಾತು ಒಪ್ಪಲೇಬೇಕು. ಮೊಳಕಾಲುದ್ದ ಹಿಮ ಬಿದ್ದಾಗಲೂ ನಾನು ಕರೆಯದೆಯೇ ಟ್ರಕ್ಕು ಬಂದಿದೆ. ದಿನದ ಸರಾಸರಿ ತಾಪಮಾನ 65 ಡಿಗ್ರಿ ಫ್ಯಾರನ್‌ಹೀಟಿಗಿಂತ (ಸುಮಾರು 18 ಡಿಗ್ರಿ ಸೆಲ್ಸಿಯಸ್) ಎಷ್ಟು ಕೆಳಗಿದೆಯೆಂದು ಕೂಡಿಸುತ್ತ ಹೋಗಿ, ನಮ್ಮ ಟ್ಯಾಂಕ್ ಯಾವಾಗ ಬರಿದಾಗುತ್ತದೆಂದು ಅವರೇ ಅಂದಾಜು ಮಾಡುತ್ತಾರೆ. ತುಂಬಿಸಿದ್ದಕ್ಕೆ ಮೀಟರಿನಿಂದಲೇ ಅಚ್ಚಾದ ಚೀಟಿ. ಊರಲ್ಲಿ ಸಿಲಿಂಡರ್ ತೂಗಿ ತೋರಿಸಪ್ಪ ಅಂದರೆ ಹುಡುಗ ಮುಖ ಗಂಟಿಕ್ಕಿಕೊಳ್ಳುತ್ತಾನೆ, ಮೇಲೆ ಐವತ್ತು ರೂಪಾಯಿ ಬೇರೆ ಕೊಡಬೇಕು.

ಆದರೂ ಜುಲೈಯಲ್ಲಿ, ಚಳಿಗಾಲದ ರೇಟು ಕುದುರಿಸುವ ಹೊತ್ತಿಗೆ, ನಮ್ಮ ರಸ್ತೆಯ ಒಂದೊಂದು ಮನೆಯ ಬಾಗಿಲನ್ನೂ ತಟ್ಟಿ ಕೇಳುವವನೇ ನಾನು.