ಪರ-ವಿರೋಧ: ಜಪಾನಿನ ಸರ್ಕಾರಿ ಕಚೇರಿಗಳು ವಿದೇಶಿಯರಿಗೆ ‘ಯಸಶೀ ನಿಹೊಂಗೊ’ದಲ್ಲೇ ಬರೆಯಬೇಕೆ?

ಪರ: ಓದಿದವರಿಗೆ ಮಾಡಬೇಕಾದ್ದು ತಿಳಿಯಬೇಕು

1995ರ ಜನವರಿ 17ರ ಬೆಳಗಿನ ಜಾವ ಕೋಬೆಯ ಸುತ್ತ ಭೂಮಿ ನಡುಗಿತು. 6,400ಕ್ಕೂ ಹೆಚ್ಚು ಜನ ಸತ್ತರು. ಕುಡಿಯುವ ನೀರು ಎಲ್ಲಿ ಸಿಗುತ್ತದೆ, ಯಾವ ಶಾಲೆಯಲ್ಲಿ ಆಶ್ರಯ ಎಂಬ ಸುದ್ದಿ ಬಹುಪಾಲು ಜಪಾನಿಯಲ್ಲಿ, ಅಷ್ಟಿಷ್ಟು ಇಂಗ್ಲಿಷಿನಲ್ಲಿ ಬಂತು. ಎರಡೂ ಅರ್ಥವಾಗದ ವಿದೇಶಿಯರು ಸುದ್ದಿಯಿಲ್ಲದೆ ಉಳಿದರು. ಅದನ್ನು ಕಂಡ ಹಿರೊಸಾಕಿ ವಿಶ್ವವಿದ್ಯಾಲಯದ ಸಾತೊ ಕಜುಯುಕಿ ಮತ್ತು ಜೊತೆಯ ಭಾಷಾವಿಜ್ಞಾನಿಗಳು ‘ಯಸಶೀ ನಿಹೊಂಗೊ’ವನ್ನು, ಅಂದರೆ ಸುಲಭ ಜಪಾನಿಯನ್ನು ರೂಪಿಸಿದರು.

ಇಂಗ್ಲಿಷ್ ಹಾಕಿದರೆ ಸಾಲದೇ ಎಂದು ಈಗಲೂ ಕೇಳುವವರಿದ್ದಾರೆ. ಸಾಲದು. ಜಪಾನಿನ ರಾಷ್ಟ್ರೀಯ ಭಾಷಾ ಸಂಶೋಧನಾ ಸಂಸ್ಥೆ 2009ರಲ್ಲಿ ಹೊರತಂದ ಸಮೀಕ್ಷೆಯಲ್ಲಿ, ದಿನದ ಬದುಕಿಗೆ ತೊಡಕಾಗದಷ್ಟು ಜಪಾನಿ ಬರುತ್ತದೆ ಎಂದವರು ಶೇ. 62.6, ಇಂಗ್ಲಿಷ್ ಎಂದವರು ಶೇ. 44. ನೆಲೆಸಿದ ವಿದೇಶಿಯರಿಗೆ ಹೆಚ್ಚು ಗೊತ್ತಿರುವ ಭಾಷೆ ಜಪಾನಿಯೇ. ಗೊತ್ತಿಲ್ಲದಿರುವುದು ಕಚೇರಿಯ ಜಪಾನಿ.

‘ತಕದೈ ನಿ ಹಿನನ್ ಶಿತೆ ಕುದಸೈ’ ಎಂಬುದು ವಾಡಿಕೆಯ ಎಚ್ಚರಿಕೆ: ಎತ್ತರದ ನೆಲೆಗೆ ಸ್ಥಳಾಂತರಗೊಳ್ಳಿ. ಇದನ್ನೇ ‘ತಕೈ ತೊಕೊರೊ ನಿ ನಿಗೆತೆ ಕುದಸೈ’ ಎನ್ನಬಹುದು: ಎತ್ತರದ ಜಾಗಕ್ಕೆ ಓಡಿ. ನಮ್ಮ ಛಂದಸ್ಸಿನ ಮಾತ್ರೆಯಂತೆ ಜಪಾನಿಯಲ್ಲಿ ಉದ್ದ ಅಳೆಯುವುದು ಮೊರಾದಿಂದ. ಎಣಿಸಿ ನೋಡಿ, ಎರಡರಲ್ಲೂ 14. ಒಂದಕ್ಷರ ಹೆಚ್ಚಿಲ್ಲ, ಕಡಿಮೆಯಿಲ್ಲ. ಬದಲಾದದ್ದು ಪದ ಮಾತ್ರ: ಚೀನೀ ಮೂಲದ ‘ಹಿನನ್’ ಹೋಗಿ, ಮೊದಲ ವರ್ಷದ ವಿದ್ಯಾರ್ಥಿಗೂ ಗೊತ್ತಿರುವ ‘ನಿಗೆರು’ ಬಂತು.

ಬರೆಯುವ ಕ್ರಮ ಹೀಗೆ. ಓದಿದವರು ಏನು ಮಾಡಬೇಕು ಎಂಬುದನ್ನು ಮೊದಲು ಗೊತ್ತು ಮಾಡಿಕೊಂಡು, ಉಳಿದದ್ದನ್ನು ಕೈಬಿಡಬೇಕು. ಒಂದು ವಾಕ್ಯದಲ್ಲಿ ಒಂದೇ ವಿಷಯ, ಸುಮಾರು 24 ಮೊರಾದೊಳಗೆ. ಇಮ್ಮಡಿ ನಿಷೇಧ ಬೇಡ, ‘ಬಹುಶಃ’ ಬೇಡ, ಕಾತಕಾನಾದಲ್ಲಿ ಬರೆಯುವ ಆಂಗ್ಲಮೂಲದ ಪದಗಳನ್ನು ಆದಷ್ಟು ಬಿಡಬೇಕು. ‘ಲೈಫ್‌ಲೈನ್’ ಎಂಬ ಮೂಲ ಇಂಗ್ಲಿಷ್ ಗೊತ್ತಿದ್ದವರಿಗೂ ‘ರೈಫುರೈನ್’ ಗುರುತು ಹತ್ತುವುದಿಲ್ಲ. ವಿದ್ಯುತ್ತು, ಗ್ಯಾಸು, ನೀರು ಎಂದು ಬಿಡಿಸಿ ಬರೆಯಬೇಕು. ಕಾಂಜಿಯ, ಅಂದರೆ ಚೀನೀ ಮೂಲದ ಅಕ್ಷರಗಳ ಮೇಲೆ ಉಚ್ಚಾರ ತೋರಿಸುವ ಫುರಿಗಾನಾ ಇರಬೇಕು, ಪದಗಳ ನಡುವೆ ಜಾಗ ಬಿಡಬೇಕು. ಗುಮಾಸ್ತರು ಎಡವುವುದು ಇಲ್ಲೇ. ಹಳೆಯ ವಾಕ್ಯಕ್ಕೇ ಫುರಿಗಾನಾ ಅಂಟಿಸಿ ಸುಲಭವಾಯಿತು ಎಂದುಕೊಳ್ಳುತ್ತಾರೆ. ‘ಹಿನನ್’ ಎಂದು ಓದಲು ಬಂದ ಮಾತ್ರಕ್ಕೆ ಅದರ ಅರ್ಥ ಹೊಳೆಯುವುದಿಲ್ಲ.

ಇನ್ನೊಂದು ಎಡವಟ್ಟು ಗೌರವರೂಪ. ‘ಗೊ-ಕಿನ್ಯೂ ನೊ ಉಎ, ಗೊ-ತೇಶುತ್ಸು ಕುದಸೈ’ ಎಂದು ಅರ್ಜಿಯ ತಲೆಯ ಮೇಲಿರುತ್ತದೆ: ಭರ್ತಿ ಮಾಡಿ ಸಲ್ಲಿಸಿ. ಎರಡು ಕಡೆ ಗೌರವದ ‘ಗೊ’, ಎರಡು ಸಂಸ್ಕೃತಭೂಯಿಷ್ಠ ಪದಗಳಷ್ಟು ಭಾರ. ‘ಕೈತೆ, ದಶಿತೆ ಕುದಸೈ’ ಎಂದರೆ ಮುಗಿಯಿತು. ಕನ್ನಡಿಗರಿಗಂತೂ ಇದು ಕೈಗೆ ಸಿಕ್ಕ ಹಣ್ಣು: ‘ಕೈತೆ’ ಅಂದರೆ ‘ಬರೆದು’, ಮುಂದಿನದು ‘ಕೊಡಿ’. ಪದಕ್ರಮವೂ ನಮ್ಮದೇ. ‘ಗೊ’ ತೆಗೆದರೆ ಒರಟಾಗುತ್ತದೆ ಎಂಬ ಅಂಜಿಕೆ ಬೇಡ. ‘ಕುದಸೈ’ಯಲ್ಲೇ ಸಾಕಷ್ಟು ವಿನಯವಿದೆ.

ಕಾಂಜಿ ಬಲ್ಲ ಚೀನೀಯರಿಗೆ ಇದರಿಂದ ನಷ್ಟ ಎನ್ನುತ್ತಾರೆ. ಬಾಗಿಲಲ್ಲಿ ತೂಗುವ ‘ದೊಸೊಕು ಗೆಂಕಿನ್’ ನೋಡಿ. ನಾಲ್ಕು ಕಾಂಜಿ: ಮಣ್ಣು, ಪಾದ, ಕಟ್ಟುನಿಟ್ಟು, ನಿಷೇಧ. ನಾಲ್ಕನ್ನೂ ಬಿಡಿಬಿಡಿಯಾಗಿ ಬಲ್ಲವರು ಕಾಲು ತೊಳೆದು ಬಂದಾರು. ಅಲ್ಲಿ ಬೇಡವಾದದ್ದು ಶೂ. ‘ಕುತ್ಸು ಒ ನುಯಿದೆ ಕುದಸೈ’, ಶೂ ಬಿಚ್ಚಿ ಎಂದರೆ ಗೊಂದಲವೇ ಇಲ್ಲ. ಕಷ್ಟದ ಭಾಷೆಯಲ್ಲಿ ಮುಳುಗಿದರೇ ಈಜು ಬರುವುದು ಎಂಬುದು ವಿರೋಧಿಸುವವರ ಇನ್ನೊಂದು ವಾದ. ಸುನಾಮಿಯ ಹೊತ್ತು ಪಾಠದ ಹೊತ್ತಲ್ಲ. 2024ರ ಜನವರಿ 1ರಂದು ನೋತೊ ಭೂಕಂಪವಾದಾಗ ಜಪಾನಿನ ಸಾರ್ವಜನಿಕ ಪ್ರಸಾರ ಸಂಸ್ಥೆ ಎನ್‌ಎಚ್‌ಕೆಯ ವಾರ್ತಾವಾಚಕಿ ‘ಇಮಾ ಸುಗು ನಿಗೆರು ಕೊತೊ!’ ಎಂದು ಕೂಗಿದರು. ಈಗಲೇ ಓಡಿ, ಅಷ್ಟೇ. ಆ ಮಾತು ಜಪಾನೀಯರಿಗೂ ಬೇಕಿತ್ತು.

ವಿರೋಧ: ಎಚ್ಚರಿಕೆಗೆ ಸರಿ, ಅರ್ಜಿಗೆ ಅಲ್ಲ

ವಿಪತ್ತಿನ ಎಚ್ಚರಿಕೆಯ ವಿಷಯದಲ್ಲಿ ನನ್ನ ತಕರಾರಿಲ್ಲ. ಕೋಬೆಯ ಮಾತನ್ನು ಯಾರೂ ಅಲ್ಲಗಳೆಯಲಾರರು. ಆದರೆ ವಲಸೆ ಸೇವಾ ಸಂಸ್ಥೆ ಮತ್ತು ಸಂಸ್ಕೃತಿ ಇಲಾಖೆ ಸೇರಿ 2020ರ ಆಗಸ್ಟ್‌ನಲ್ಲಿ ಮಾರ್ಗಸೂಚಿ ತಂದ ಮೇಲೆ ಇದು ವಾರ್ಡ್ ಕಚೇರಿಯ ದಿನನಿತ್ಯದ ಕಾಗದಕ್ಕೂ ಬಂದಿದೆ. ‘ಅದರಲ್ಲೇ’ ಬರೆಯಬೇಕು ಎಂಬ ಮಾತಿಗೆ ನನ್ನ ವಿರೋಧ.

ಮನೆ ಬದಲಿಸಿದವರ ಉದಾಹರಣೆ ಸಾಕು. ಬೇರೆ ಊರಿಗೆ ಹೋಗುವವರು ಹೊರಡುವ ಮುನ್ನ ಹಳೆಯ ಊರಿನ ಕಚೇರಿಗೆ ಊರು ಬಿಡುವ ಸೂಚನಾಪತ್ರ ‘ತೆನ್‌ಶುತ್ಸು ತೊದೊಕೆ’ ಕೊಡಬೇಕು. ಹೊಸ ಊರು ಸೇರಿ 14 ದಿನಗಳೊಳಗೆ ಅಲ್ಲಿ ‘ತೆನ್‌ನ್ಯೂ ತೊದೊಕೆ’. ಅದೇ ಊರೊಳಗೆ ಮನೆ ಬದಲಿಸಿದರೆ ‘ತೆನ್‌ಕ್ಯೊ ತೊದೊಕೆ’, ಅದಕ್ಕೂ 14 ದಿನ. ಮೂರು ಬೇರೆ ಬೇರೆ ಕಾಗದ. ಸುಲಭ ಮಾಡುವ ಭರದಲ್ಲಿ ಮೂರನ್ನೂ ‘ವಿಳಾಸ ಬದಲಾದಾಗ ಕೊಡುವ ಕಾಗದ’ ಎಂದು ಬರೆದರೆ, ಓದಿದವರು ಹಳೆಯ ಊರಿನಲ್ಲಿ ಏನೂ ಕೊಡದೆ ಹೊಸ ಊರಿನ ಕೌಂಟರಿಗೆ ಬಂದು ನಿಲ್ಲುತ್ತಾರೆ. ಕೌಂಟರಿನ ಫಲಕದಲ್ಲಿ, ಅರ್ಜಿಯ ತಲೆಯಲ್ಲಿ, ಗುಮಾಸ್ತರ ಬಾಯಲ್ಲಿ ಇರುವುದು ಆ ಕಷ್ಟದ ಹೆಸರುಗಳೇ. ಸುಲಭ ಕಾಗದದಲ್ಲಿ ಆ ಹೆಸರೇ ಇರಲಿಲ್ಲ.

ಮುಖ್ಯ ಪದವನ್ನು ಉಳಿಸಿಕೊಂಡು ಪಕ್ಕದಲ್ಲಿ ಅರ್ಥ ಕೊಡಿ ಎಂದು ಹಿರೊಸಾಕಿಯವರೇ ಹೇಳಿದ್ದಾರೆ, ನಿಜ. ‘ಯೊಶಿನ್’ ಎಂದು ಬರೆದು ‘ಆಮೇಲೆ ಬರುವ ಭೂಕಂಪ’ ಎನ್ನುವ ಹಾಗೆ. ಆದರೆ ವಿಮೆ, ತೆರಿಗೆಯ ಕಾಗದದಲ್ಲಿ ಅಂಥ ಪದಗಳು ಸಾಲಿಗೆರಡು. ಎಲ್ಲಕ್ಕೂ ಅರ್ಥ ಕೊಟ್ಟರೆ 24 ಮೊರಾದ ಮಿತಿ ಉಳಿಯುವುದಿಲ್ಲ, ಕೊಡದಿದ್ದರೆ ಸುಲಭವಾಗುವುದಿಲ್ಲ.

ಶೂ ಫಲಕದ ಉದಾಹರಣೆ ಚೆನ್ನಾಗಿದೆ, ಆದರೆ ಆರಿಸಿಕೊಂಡದ್ದು. ಭೂಕಂಪ, ನಿಷೇಧ, ಆಶ್ರಯಕ್ಕೆ ಹೋಗುವುದು, ಇವಕ್ಕೆ ಜಪಾನಿಯಲ್ಲೂ ಚೀನಿಯಲ್ಲೂ ಇರುವುದು ಒಂದೇ ಕಾಂಜಿ ಜೋಡಿ. ‘ಕಿನ್ಶಿ’ (ನಿಷೇಧ) ಎಂಬ ಎರಡು ಕಾಂಜಿಯನ್ನು ಚೀನೀಯರು ಕಣ್ಣೋಟದಲ್ಲೇ ಓದುತ್ತಾರೆ. ‘ಶಿತೆ ವ ಇಕೆಮಸೆನ್’ (ಮಾಡಬಾರದು) ಎಂದು ಜಪಾನಿನದೇ ಉಚ್ಚಾರಾಕ್ಷರವಾದ ಹಿರಗಾನಾದಲ್ಲಿ ಬರೆದ ಸಾಲಿನ ಮುಂದೆ ತಡವರಿಸುತ್ತಾರೆ. ಕಾಂಜಿ ಹಿನ್ನೆಲೆಯಿಲ್ಲದ ಭಾರತೀಯರಿಗೆ ಇದೇ ತಿರುಗುಮುರುಗು. ಒಂದೇ ‘ಸುಲಭ’ ಇಬ್ಬರಿಗೂ ಒಗ್ಗುವುದಿಲ್ಲ.

ಜಪಾನಿ ಭಾಷಾ ಪರೀಕ್ಷೆಯ ಆರಂಭದ ಹಂತವಾದ ಎನ್4 ಪಾಸಾಗಿ ಬೆಂಗಳೂರಿಂದ ಹೋದ ಎಂಜಿನಿಯರಿಗೂ ಬ್ಯಾಂಕಿನವರು, ಮನೆ ಮಾಲೀಕರು ಬರೆಯುವ ಪತ್ರ ‘ಗೊ’ಗಳಿಂದಲೇ ತುಂಬಿರುತ್ತದೆ. ಕಚೇರಿಯ ಹಾಳೆಯಲ್ಲಿ ಮೇಲೆ ಮೂಲ ವಾಕ್ಯ, ಕೆಳಗೆ ಸುಲಭ ವಾಕ್ಯ ಎರಡನ್ನೂ ಅಚ್ಚು ಹಾಕಲಿ. ವಿದೇಶಿಯರು ಕೆಳಗಿನದನ್ನು ಓದಿ ಕೆಲಸ ಮುಗಿಸುತ್ತಾರೆ, ಮೇಲಿನದರ ಒಂದು ಪದವನ್ನು ತೋರಿಸಿ ಕೌಂಟರಿನಲ್ಲಿ ಸರಿಯಾದ ಅರ್ಜಿ ಕೇಳುತ್ತಾರೆ.