ಓವನ್ ಇಲ್ಲದವರ ಕ್ರಿಸ್‌ಮಸ್

ಕ್ರಿಸ್‌ಮಸ್ ತಿಂಡಿಯ ಪಾಕವಿಧಾನಗಳಿಗೆ ಒಂದು ಚಾಳಿ. ಮೊದಲ ಸಾಲಿನಲ್ಲೇ ‘ಓವನ್ನನ್ನು 180 ಡಿಗ್ರಿಗೆ ಕಾಯಿಸಿಕೊಳ್ಳಿ’ ಎಂದು ಅಪ್ಪಣೆ ಕೊಟ್ಟುಬಿಡುತ್ತವೆ. ಓವನ್ ಇಲ್ಲದವರು, ಇದ್ದೂ ಅದರೊಳಗೆ ಪಾತ್ರೆ ಜೋಡಿಸಿಟ್ಟವರು, ಅಲ್ಲಿಗೇ ಪುಟ ಮಗುಚುತ್ತಾರೆ. ಅಂಥವರ ಪಾಲಿಗೆ ಇರುವುದು ಬೇಕ್ ಮಾಡದ ಸಿಹಿಗಳು: ಟ್ರಫಲ್, ರಮ್ ಬಾಲ್, ಚಾಕೊಲೇಟ್ ಬಿಸ್ಕತ್ತಿನ ಕೇಕು, ಕಾರ್ನ್‌ಫ್ಲೇಕ್ಸಿನ ಹಸಿರು ಹಾರ. ಇವುಗಳ ಹೆಸರಿನ ಹಿಂದೆ ‘ಸುಲಭ’ ಎಂಬ ಬಾಲ ತಪ್ಪದೆ ಇರುತ್ತದೆ. ಸುಲಭ ಹೌದು. ಆದರೆ ಮನಸ್ಸಿಗೆ ಬಂದ ಹಾಗೆ ಮಾಡಿದರೂ ನಡೆಯುತ್ತದೆ ಅಂತ ಅದರರ್ಥವಲ್ಲ.

ಕೇಕು ನಿಲ್ಲುವುದು ಮೊಟ್ಟೆ ಮತ್ತು ಹಿಟ್ಟಿನ ಬಲದಿಂದ. ಬಿಸಿಗೆ ಮೊಟ್ಟೆಯ ಪ್ರೋಟೀನು ಗಟ್ಟಿಯಾಗುತ್ತದೆ, ಹಿಟ್ಟಿನ ಪಿಷ್ಟ ನೀರು ಹೀರಿ ಉಬ್ಬುತ್ತದೆ. ಆದದ್ದು ಆಗಿಹೋಯಿತು, ಹಿಂದಕ್ಕೆ ಬರುವುದಿಲ್ಲ. ಫ್ರಿಜ್ಜಿನಲ್ಲಿ ಗಟ್ಟಿಯಾಗುವ ಸಿಹಿಯನ್ನು ಹಿಡಿದಿಡುವುದು ಹೆಚ್ಚಾಗಿ ಕೊಬ್ಬು. ಚಾಕೊಲೇಟಿನಲ್ಲಿರುವ ಕೋಕೋ ಬೆಣ್ಣೆಯೋ ಹಾಲಿನ ಬೆಣ್ಣೆಯೋ, ತಣ್ಣಗಾದರೆ ಕಲ್ಲು, ಬೆಚ್ಚಗಾದರೆ ನೀರು. ಹಾಗಾಗಿ ಇಲ್ಲಿ ಕೆಟ್ಟದ್ದನ್ನು ಬಹುಪಾಲು ಮತ್ತೆ ಕರಗಿಸಿ ತಿದ್ದಬಹುದು. ಚೆನ್ನಾಗಿ ಬಂದದ್ದೂ ಮೇಜಿನ ಮೇಲಿಟ್ಟು ಮರೆತರೆ ಕೆಡಬಹುದು. ಈ ಅಡುಗೆಯ ಅನುಕೂಲವೂ ತಾಪತ್ರಯವೂ ಎರಡೂ ಅಲ್ಲೇ ಇವೆ.

ಟ್ರಫಲ್ಲಿಗೆ ಬೇಕಾದದ್ದು ಎರಡೇ ಸಾಮಾನು: 200 ಗ್ರಾಂ ಡಾರ್ಕ್ ಚಾಕೊಲೇಟ್, 100 ಗ್ರಾಂ ಕ್ರೀಮ್. ಮೇಲೆ ಒಂದು ಚಿಟಿಕೆ ಉಪ್ಪು. ಚಾಕೊಲೇಟನ್ನು ಎಷ್ಟು ಸಣ್ಣಗೆ ಹೆಚ್ಚಿದರೆ ಅಷ್ಟು ಒಳ್ಳೆಯದು. ಸೋಮಾರಿತನದಿಂದ ದಪ್ಪ ತುಂಡು ಬಿಟ್ಟರೆ ಅದು ಕೊನೆಯವರೆಗೂ ಕರಗದೆ ಉಂಡೆಯೊಳಗೆ ಕೂತುಕೊಳ್ಳುತ್ತದೆ. ಕ್ರೀಮನ್ನು ಅಂಚಿನಲ್ಲಿ ಸಣ್ಣ ಗುಳ್ಳೆ ಏಳುವವರೆಗೆ ಕಾಯಿಸಿ, ಚಾಕೊಲೇಟಿನ ಮೇಲೆ ಸುರಿದು, ಎರಡು ನಿಮಿಷ ಸುಮ್ಮನಿರಬೇಕು. ಇಡೀ ಕೆಲಸದಲ್ಲಿ ಕಷ್ಟದ ಘಟ್ಟ ಇದೇ. ಚಮಚ ಹಿಡಿದ ಕೈಗೆ ಸುಮ್ಮನಿರಲು ಬರುವುದಿಲ್ಲ. ಆಮೇಲೆ ನಡುವಿನಿಂದ ಶುರುಮಾಡಿ ನಿಧಾನವಾಗಿ ಹೊರಗಿನ ಕಡೆಗೆ ಕಲಸುತ್ತ ಹೋದರೆ ಮೊದಲು ಮಧ್ಯದಲ್ಲೊಂದು ಹೊಳೆಯುವ ಕಪ್ಪು ಬೊಟ್ಟು ಕಾಣಿಸಿ, ಅದೇ ಅಗಲವಾಗುತ್ತ ಬಟ್ಟಲಿನ ಅಂಚು ಮುಟ್ಟುತ್ತದೆ. ಹೊಳಪು ಇಲ್ಲದೆ ಎಣ್ಣೆ ತೇಲಿತೋ, ಕೊಬ್ಬು ಬೇರ್ಪಟ್ಟಿದೆ ಎಂದು ಲೆಕ್ಕ. ಕ್ರೀಮ್ ಅತಿಯಾಗಿ ಕಾದಿರುತ್ತದೆ, ಇಲ್ಲವೇ ಚಾಕೊಲೇಟಿನ ಪಾಲು ಹೆಚ್ಚಾಗಿರುತ್ತದೆ. ಬೆಚ್ಚಗಿನ ಹಾಲನ್ನು ಒಂದೊಂದೇ ಚಮಚ ಹಾಕಿ ಕಲಸಿದರೆ ಮತ್ತೆ ಒಂದಾಗುತ್ತದೆ.

ಇದೇ 100 ಗ್ರಾಂ ಕ್ರೀಮಿಗೆ ಮಿಲ್ಕ್ ಚಾಕೊಲೇಟಾದರೆ 250 ಗ್ರಾಂ, ವೈಟ್ ಚಾಕೊಲೇಟಾದರೆ 300 ಗ್ರಾಂ ಬೇಕು. ಡಾರ್ಕ್ ಚಾಕೊಲೇಟಿನ ಲೆಕ್ಕವನ್ನೇ ವೈಟ್ ಚಾಕೊಲೇಟಿಗೂ ಹಾಕಿದವರಿಗೆ ಉಂಡೆ ಸಿಗುವುದಿಲ್ಲ, ಸಾಸ್ ಸಿಗುತ್ತದೆ.

ಎರಡು ಗಂಟೆ ಫ್ರಿಜ್ಜಿನಲ್ಲಿಟ್ಟ ಮೇಲೆ ಉಂಡೆ ಕಟ್ಟುವುದು. ಒಂದೊಂದು 12 ಗ್ರಾಂ ತೂಗಿದರೆ ಸುಮಾರು 25 ಉಂಡೆ. ಕೋಕೋ ಬೆಣ್ಣೆ ಕರಗುವುದು ಹೆಚ್ಚುಕಡಿಮೆ 34 ಡಿಗ್ರಿಗೆ. ಬೆಚ್ಚಗಿನ ಅಂಗೈ ಅದಕ್ಕೆ ತೀರಾ ಹತ್ತಿರ. ಬಾಯಿಗಿಟ್ಟರೆ ಕರಗುವ ಗುಣಕ್ಕೆ ಯಾವುದು ಕಾರಣವೋ ಕೈಗೆ ಮೆತ್ತಿಕೊಳ್ಳುವುದಕ್ಕೂ ಅದೇ ಕಾರಣ. ತಣ್ಣೀರಿನಲ್ಲಿ ಕೈ ತೊಳೆದು, ಪೂರ್ತಿ ಒರೆಸಿಕೊಂಡು, ಕೋಕೋ ಪುಡಿ ಸವರಿಕೊಂಡು ಬೇಗ ಬೇಗ ಉರುಟಬೇಕು. ಚೆಂಡಿನಷ್ಟು ದುಂಡಗೆ ಬರಲೇಬೇಕೆಂದು ಉರುಟುತ್ತ ಕೂತರೆ ಅರ್ಧ ಟ್ರಫಲ್ ಅಂಗೈಯಲ್ಲೇ ಉಳಿಯುತ್ತದೆ. ಸೊಟ್ಟಗಿದ್ದರೇ ಮನೆಯಲ್ಲಿ ಮಾಡಿದ್ದೆಂದು ಗೊತ್ತಾಗುವುದು, ಬಿಡಿ.

‘ಪೂರ್ತಿ ಒರೆಸಿಕೊಂಡು’ ಎಂದದ್ದಕ್ಕೆ ಕಾರಣವಿದೆ. ಕರಗಿದ ಚಾಕೊಲೇಟಿಗೆ ಎರಡು ಹನಿ ನೀರು ಬಿದ್ದರೆ ಸಾಕು, ಕ್ಷಣದಲ್ಲಿ ಅದು ಮರಳು ಮರಳಾಗಿ ಮುದ್ದೆಗಟ್ಟುತ್ತದೆ. ಒಳಗಿನ ಸಕ್ಕರೆ ಕಣಗಳು ಆ ಹನಿಯಲ್ಲಿ ತೊಯ್ದು ಅಂಟಾಗಿ, ಕೋಕೋ ಕಣಗಳನ್ನೂ ಎಳೆದುಕೊಂಡು ಗಂಟು ಕಟ್ಟುತ್ತವೆ. ನೀರು ಸುರಿದೇ ಬರಬೇಕೆಂದಿಲ್ಲ. ಬಿಸಿನೀರಿನ ಪಾತ್ರೆಯ ಮೇಲಿಟ್ಟು ಕರಗಿಸುವಾಗ ಕೆಳಗಿನಿಂದೇಳುವ ಹಬೆ, ಒದ್ದೆಯಾರದ ಮರದ ಚಮಚ, ಮುಚ್ಚಳದಿಂದ ತೊಟ್ಟಿಕ್ಕಿದ ಬೆವರು, ಯಾವುದಾದರೂ ಸಾಕು. ತಮಾಷೆಯೆಂದರೆ ಎರಡು ಹನಿಗೆ ಹೀಗೆ ಮುನಿಸಿಕೊಳ್ಳುವ ಚಾಕೊಲೇಟ್, ಅರ್ಧಕ್ಕಿಂತ ಹೆಚ್ಚು ನೀರೇ ಇರುವ ಕ್ರೀಮಿನ ಜೊತೆ ಚೆನ್ನಾಗಿಯೇ ಬೆರೆಯುತ್ತದೆ. ಅಷ್ಟು ನೀರಿದ್ದರೆ ಕಣಗಳು ಅಂಟಿಕೊಳ್ಳುವುದಿಲ್ಲ, ತೇಲಾಡುತ್ತವೆ. ಮದ್ದು ಇರುವುದೂ ಅಲ್ಲೇ: ಮುದ್ದೆಯಾದದ್ದಕ್ಕೆ ಬಿಸಿನೀರನ್ನೋ ಬಿಸಿ ಕ್ರೀಮನ್ನೋ ಚಮಚ ಚಮಚವಾಗಿ ಹಾಕಿ ಕಲಸುತ್ತ ಹೋದರೆ ಸಡಿಲವಾಗುತ್ತದೆ. ಮೇಲಿನ ಲೇಪಕ್ಕೆ ಅದು ಇನ್ನು ಬಾರದು. ಸಾಸ್ ಮಾಡಿ ಮುಗಿಸಬಹುದು.

ಲೇಪ ಅಂದಾಗ ಬಿಳಿ ಮಚ್ಚೆಯ ಮಾತು ಬರುತ್ತದೆ. ಚಾಕೊಲೇಟನ್ನು ಸುಮ್ಮನೆ ಕರಗಿಸಿ ಹರಡಿ, ಮೇಲೆ ಬಾದಾಮಿ, ಒಣ ಹಣ್ಣು ಉದುರಿಸಿದರೆ ಕ್ರಿಸ್‌ಮಸ್ ಬಾರ್ಕ್ ಆಯಿತು ಎನ್ನುತ್ತಾರೆ. ಮರುದಿನ ನೋಡಿದರೆ ಅದರ ಮೇಲೆ ಬೂದಿ ಬಳಿದಂಥ ಬಣ್ಣ. ಕೋಕೋ ಬೆಣ್ಣೆ ಆರು ಬಗೆಯ ಹರಳಾಗಿ ಗಟ್ಟಿಯಾಗಬಲ್ಲದು. ಹೊಳಪು ಕೊಟ್ಟು ‘ಟಕ್’ ಎಂದು ಮುರಿಯುವುದು ಅದರಲ್ಲಿ ಐದನೆಯ ಬಗೆ. ಅದನ್ನು ಪಡೆಯಲು 300 ಗ್ರಾಂ ಡಾರ್ಕ್ ಚಾಕೊಲೇಟಿನಲ್ಲಿ 200 ಗ್ರಾಮನ್ನು 45 ಡಿಗ್ರಿ ಸೆಲ್ಸಿಯಸ್‌ವರೆಗೆ ಕರಗಿಸಿ, ಕೆಳಗಿಳಿಸಿ, ಮಿಕ್ಕ 100 ಗ್ರಾಮನ್ನು ಸಣ್ಣಗೆ ಹೆಚ್ಚಿ ಹಾಕಿ, 31–32 ಡಿಗ್ರಿಗೆ ಇಳಿಯುವವರೆಗೆ ಕಲಸುತ್ತಿರಬೇಕು. ಚಾಕುವಿನ ತುದಿಗೆ ಸವರಿದ್ದು ಐದು ನಿಮಿಷದೊಳಗೆ ಹೊಳಪಾಗಿ ಗಟ್ಟಿಯಾದರೆ ಹದ ಬಂದಿದೆ. ಥರ್ಮಾಮೀಟರ್ ಇಲ್ಲದವರು ಕಾಂಪೌಂಡ್ ಚಾಕೊಲೇಟ್ ತರಬಹುದು. ಅದರಲ್ಲಿ ಕೋಕೋ ಬೆಣ್ಣೆಯ ಬದಲು ಬೇರೆ ಸಸ್ಯಜನ್ಯ ಕೊಬ್ಬು ಇರುವುದರಿಂದ ಈ ಉಪಚಾರ ಯಾವುದೂ ಬೇಕಿಲ್ಲ. ರುಚಿ ಒಂದು ಮೆಟ್ಟಿಲು ಕೆಳಗೆ, ನಿಜ. ಬೂದಿ ಬಣ್ಣ ಬಂದ ಚಾಕೊಲೇಟ್ ತಿನ್ನಲು ಏನೂ ತೊಂದರೆಯಿಲ್ಲ, ಉಡುಗೊರೆ ಕೊಡಲು ಮಾತ್ರ ಮುಜುಗರ.

ರಮ್ ಬಾಲ್ ಇಷ್ಟೆಲ್ಲ ಕಾಡುವುದಿಲ್ಲ. 250 ಗ್ರಾಂ ಸಾದಾ ಬಿಸ್ಕತ್ತಿನ ಪುಡಿ, 80 ಗ್ರಾಂ ಒಣ ಕೊಬ್ಬರಿ ತುರಿ, ಮೂರು ದೊಡ್ಡ ಚಮಚ ಕೋಕೋ, ಎರಡು ಚಮಚ ರಮ್ ಅಥವಾ ಕಿತ್ತಳೆ ರಸ, ಮತ್ತೆ ಕಂಡೆನ್ಸ್ಡ್ ಮಿಲ್ಕ್. ಈ ಕೊನೆಯದನ್ನು ಡಬ್ಬಿ ಬಗ್ಗಿಸಿ ಒಮ್ಮೆಲೇ ಸುರಿಯಬಾರದು. 400 ಗ್ರಾಮಿನ ಡಬ್ಬಿಯಲ್ಲಿ ಮುಕ್ಕಾಲು ಪಾಲು ಹಾಕಿ ಕಲಸಿ, ಅರ್ಧ ಗಂಟೆ ಬಿಟ್ಟು ನೋಡಿ. ಬಿಸ್ಕತ್ತು ತೇವ ಹೀರಿಕೊಳ್ಳಲು ಹೊತ್ತು ಬೇಕು; ಈಗ ಅಂಟಂಟಾಗಿ ಕಂಡದ್ದು ಅಷ್ಟರಲ್ಲಿ ತಾನೇ ಹದಕ್ಕೆ ಬಂದಿರುತ್ತದೆ. ಪುಡಿ ಪುಡಿಯಾಗಿಯೇ ಉಳಿದರೆ ಮಿಕ್ಕಿದ್ದನ್ನು ಹಾಕಿಕೊಳ್ಳಿ. ಬಿಸ್ಕತ್ತು ಪೂರ್ತಿ ನುಣ್ಣಗಾಗದೆ ಅಲ್ಲಲ್ಲಿ ಅಕ್ಕಿಕಾಳಿನಷ್ಟು ಚೂರಿದ್ದರೆ ತಿನ್ನಲು ಸೊಗಸು.

ಬಿಸ್ಕತ್ತಿನ ಕೇಕಿಗೆ 200 ಗ್ರಾಂ ಚಾಕೊಲೇಟ್, 100 ಗ್ರಾಂ ಬೆಣ್ಣೆ, ಎರಡು ಚಮಚ ಜೇನು ಕರಗಿಸಿ, 200 ಗ್ರಾಂ ಬಿಸ್ಕತ್ತಿನ ಚೂರು, ಒಂದು ಹಿಡಿ ಬೀಜ ಮತ್ತು ಒಣದ್ರಾಕ್ಷಿ ಸೇರಿಸಿ ಬಟರ್ ಪೇಪರ್ ಹಾಸಿದ ತಟ್ಟೆಗೆ ಒತ್ತಿದರೆ ಮುಗಿಯಿತು. ಸೋಲುವುದು ಕೊಯ್ಯುವಾಗ. ಫ್ರಿಜ್ಜಿನಿಂದ ತೆಗೆದ ಕೂಡಲೇ ಚಾಕು ಹಾಕಿದರೆ ಚೂರು ಚೂರಾಗಿ ಒಡೆಯುತ್ತದೆ. ಹತ್ತು ನಿಮಿಷ ಹೊರಗಿಟ್ಟು, ಬಿಸಿನೀರಿನಲ್ಲಿ ಅದ್ದಿ ಒರೆಸಿದ ಚಾಕುವಿನಿಂದ ಕೊಯ್ಯಬೇಕು, ಪ್ರತಿ ಸಲವೂ ಒರೆಸಿ.

ಮಾರ್ಷ್‌ಮ್ಯಾಲೋ ಎಂಬ ಸ್ಪಂಜಿನಂಥ ಮೆತ್ತನೆಯ ಸಕ್ಕರೆ ಮಿಠಾಯಿಯನ್ನು ಕರಗಿಸಿ ಸೀರಿಯಲ್ ಕಲಸುವ ಉಪಾಯ 1939ರಲ್ಲಿ ಅಮೆರಿಕದ ಕೆಲಾಗ್ ಕಂಪನಿಯ ಮಿಲ್ಡ್ರೆಡ್ ಡೇ ಮತ್ತು ಮಲಿಟ್ಟಾ ಜೆನ್ಸನ್ ಅವರದು. ಅವರು ಬಳಸಿದ್ದು ಉಬ್ಬಿದ ಅಕ್ಕಿಯ ಸೀರಿಯಲ್. ಹಸಿರು ಹಾರಕ್ಕೆ ಕಾರ್ನ್‌ಫ್ಲೇಕ್ಸ್ ಒಪ್ಪುತ್ತದೆ, ಎಲೆಯ ಹಾಗೆ ಕಾಣುತ್ತದೆ. 50 ಗ್ರಾಂ ಬೆಣ್ಣೆ, 200 ಗ್ರಾಂ ಮಾರ್ಷ್‌ಮ್ಯಾಲೋ, 120 ಗ್ರಾಂ ಕಾರ್ನ್‌ಫ್ಲೇಕ್ಸ್. ಉರಿ ಅತಿ ಸಣ್ಣದಿರಲಿ. ಉರಿ ಜೋರಾದರೆ ಒಳಗಿನ ನೀರು ಹಾರಿ ಸಕ್ಕರೆ ಪಾಕ ಗಟ್ಟಿಹದಕ್ಕೆ ಹೋಗುತ್ತದೆ, ಆರಿದ ಮೇಲೆ ಹಲ್ಲಿಗೆ ಕೆಲಸ. ಬಣ್ಣವನ್ನು ಕಾರ್ನ್‌ಫ್ಲೇಕ್ಸ್ ಹಾಕುವ ಮೊದಲೇ ಕಲಸಿ, ಇಲ್ಲದಿದ್ದರೆ ಪಟ್ಟೆ ಪಟ್ಟೆಯಾಗುತ್ತದೆ. ಬೆಣ್ಣೆ ಸವರಿದ ಕೈಯಲ್ಲಿ ಬಳೆಯಾಕಾರ ಮಾಡಿ, ಕೆಂಪು ಮಿಠಾಯಿಯನ್ನು ಅಂಟು ಆರುವ ಮುನ್ನವೇ ಒತ್ತಬೇಕು. ಇದಕ್ಕೆ ಮಾತ್ರ ಫ್ರಿಜ್ ಬೇಡ, ಬಿಗಿ ಮುಚ್ಚಳದ ಡಬ್ಬಿ ಸಾಕು. ಸಸ್ಯಾಹಾರಿಗಳು ಮಾರ್ಷ್‌ಮ್ಯಾಲೋ ಪೊಟ್ಟಣದಲ್ಲಿ ಜೆಲಟಿನ್ ಇದೆಯೇ ಓದಿಕೊಳ್ಳಲಿ, ಅದು ಪ್ರಾಣಿಮೂಲದ್ದು.

ಇನ್ನೊಂದು ಎಚ್ಚರಿಕೆ. ಹಸಿ ಮೈದಾದಿಂದಲೇ ‘ಕುಕೀ ಹಿಟ್ಟಿನ ಉಂಡೆ’ ಮಾಡುವ ವಿಧಾನಗಳು ಸಿಗುತ್ತವೆ. ಹಸಿ ಮೊಟ್ಟೆಗೆ ಹೆದರುವವರೂ ಹಸಿ ಹಿಟ್ಟಿಗೆ ಹೆದರುವುದಿಲ್ಲ. ಮೈದಾ ಬೇಯಿಸಿ ತಿನ್ನುವ ಪದಾರ್ಥ. ಅದರಲ್ಲೂ ಹೊಟ್ಟೆ ಕೆಡಿಸುವ ಬ್ಯಾಕ್ಟೀರಿಯಾ ಇರಬಹುದು. ಅದರ ಜಾಗಕ್ಕೆ ಬಿಸ್ಕತ್ತಿನ ಪುಡಿ ಹಾಕಿದರೆ ನಿಶ್ಚಿಂತೆ.

ಎಲ್ಲವನ್ನೂ 24ರ ರಾತ್ರಿ ಮಾಡುತ್ತೇನೆಂದು ಹೊರಡಬೇಡಿ, ಫ್ರಿಜ್ಜಿನಲ್ಲಿ ಅಷ್ಟು ಜಾಗವೂ ಇರುವುದಿಲ್ಲ. ಬಾರ್ಕನ್ನು ವಾರ ಮೊದಲೇ ಮಾಡಿಡಬಹುದು. ರಮ್ ಬಾಲ್ ಎರಡು ದಿನ ಹಳತಾದರೆ ರುಚಿ ಕೂಡಿಕೊಂಡು ಇನ್ನೂ ಚೆನ್ನ. ಕ್ರೀಮಿರುವ ಟ್ರಫಲ್ ಫ್ರಿಜ್ಜಿನಲ್ಲಿ ಒಂದು ವಾರ ಇರುತ್ತದೆ. ಹೊರಗೆ ತೆಗೆದಾಗ ಡಬ್ಬಿಯ ಮುಚ್ಚಳ ತೆಗೆಯದೆ ಅರ್ಧ ಗಂಟೆ ಬಿಡಿ, ಆಗ ಬೆವರು ಡಬ್ಬಿಯ ಹೊರಮೈಗೆ ಕಟ್ಟುತ್ತದೆ, ಉಂಡೆಗೆ ತಾಗುವುದಿಲ್ಲ. ಹಸಿರು ಹಾರಗಳನ್ನು ಕೊನೆಯ ದಿನಕ್ಕೆ ಇಟ್ಟುಕೊಳ್ಳಿ. ಮಕ್ಕಳು ಮನೆಯಲ್ಲಿದ್ದರೆ ಕೆಂಪು ಮಿಠಾಯಿಯನ್ನು ಲೆಕ್ಕಕ್ಕಿಂತ ಎರಡು ಪಟ್ಟು ತನ್ನಿ.